ಮನೆಯ ಬಂದೂಕು ಮಾರುವ ಮುನ್ನ ನಲವತ್ತೈದು ದಿನ

ಕೇಳುಗರೆಲ್ಲರಿಗೂ ನಮಸ್ಕಾರ.

ನಮ್ಮ ಕಲಬುರಗಿ, ಬೀದರ್, ಯಾದಗಿರಿ ಕಡೆಯ ಹಳೆಯ ವಾಡೆಗಳಲ್ಲಿ, ಗೌಡರ ಮನೆಗಳಲ್ಲಿ ಇವತ್ತಿಗೂ ಒಂದೊಂದು ಬಂದೂಕು ಇದೆ. ಕೆಲವು ನಿಜಾಮರ ಕಾಲದವು. ಕೆಲವನ್ನು ತೊಗರಿ ಹೊಲಕ್ಕೆ ಹಂದಿ ಬೀಳುತ್ತದೆ ಅಂತ ಲೈಸೆನ್ಸ್ ಮಾಡಿಸಿ ಕೊಂಡಿದ್ದು. ಕೊಂಡವರಿಗೆ ಈಗ ವಯಸ್ಸಾಗಿದೆ. ಮಕ್ಕಳು ಬೆಂಗಳೂರು, ಹೈದರಾಬಾದ್, ಪುಣೆ ಸೇರಿದ್ದಾರೆ. ಆಯುಧ ಪೂಜೆಗೆ ಕುಂಕುಮ ಹಚ್ಚುವುದು, ಎಲೆಕ್ಷನ್ ಬಂದಾಗ ಠಾಣೆಗೆ ಒಪ್ಪಿಸಿ ರಸೀದಿ ತರುವುದು, ಇಷ್ಟು ಬಿಟ್ಟರೆ ಅದಕ್ಕೆ ಬೇರೆ ಕೆಲಸವಿಲ್ಲ. ಆಗ ಮನೆಯಲ್ಲಿ ಯಾರಾದರೂ ಒಬ್ಬರು, 'ಸುಮ್ನೆ ಯಾಕೆ ಇಟ್ಕೊಳ್ಳೋದು, ಮಾರಿಬಿಡೋಣ' ಅನ್ನುತ್ತಾರೆ.

ಮಾರಬಹುದು. ಅದಕ್ಕೆ ನೀವು ಬಂದೂಕಿನ ವ್ಯಾಪಾರಿ ಆಗಿರಬೇಕಿಲ್ಲ, ಅಂಗಡಿಯವರ ಲೈಸೆನ್ಸೂ ಬೇಕಿಲ್ಲ. 1959ರ ಆಯುಧ ಕಾಯ್ದೆಯ 5ನೇ ಸೆಕ್ಷನ್ನೇ ಆ ಅವಕಾಶ ಕೊಟ್ಟಿದೆ. ಸ್ವಂತ ಬಳಕೆಗೆ ಕಾಯ್ದೆಬದ್ಧವಾಗಿ ಇಟ್ಟುಕೊಂಡ ಆಯುಧವನ್ನು, ಅದನ್ನು ಹೊಂದುವ ಹಕ್ಕಿರುವ ಇನ್ನೊಬ್ಬರಿಗೆ ಖಾಸಗಿಯಾಗಿ ಮಾರಬಹುದು. ಆದರೆ ಅದೇ ಸೆಕ್ಷನ್ನಿನ ಕೊನೆಗೆ ಎರಡು ಷರತ್ತುಗಳಿವೆ. ನಮ್ಮ ಜನ ಎಡವುವುದು ಅಲ್ಲೇ.

ಮೊದಲನೆಯದು, ಮಾರುವ ಉದ್ದೇಶವನ್ನು ಬರಹದಲ್ಲಿ ಜಿಲ್ಲಾ ದಂಡಾಧಿಕಾರಿಗೆ ಅಥವಾ ಹತ್ತಿರದ ಪೊಲೀಸ್ ಠಾಣೆಯ ಅಧಿಕಾರಿಗೆ ತಿಳಿಸಬೇಕು. ಯಾರಿಗೆ ಮಾರುತ್ತೀರಿ, ಅವರ ಹೆಸರೇನು, ವಿಳಾಸವೇನು ಅನ್ನುವುದು ಆ ಪತ್ರದಲ್ಲೇ ಇರಬೇಕು. ಎರಡನೆಯದು, ಹಾಗೆ ತಿಳಿಸಿದ ಮೇಲೆ ಕಡಿಮೆ ಅಂದರೂ 45 ದಿನ ಕಳೆಯಬೇಕು. ಅಲ್ಲಿಯವರೆಗೆ ಬಂದೂಕು ನಿಮ್ಮ ಮನೆಯಿಂದ ಹೊರಬೀಳುವಂತಿಲ್ಲ. ಜೂನ್ 1ಕ್ಕೆ ಪತ್ರ ಕೊಟ್ಟರೆ ಜುಲೈ 17ರ ಮೊದಲು ಕೈ ಬದಲಾಯಿಸಬೇಡಿ ಅಂತ ನಾನು ಹೇಳುತ್ತೇನೆ.

ಈ 45 ದಿನ ಬಹಳ ಜನರಿಗೆ ಕಿರಿಕಿರಿ. ಕೊಳ್ಳುವವರು ದುಡ್ಡು ಹಿಡಿದುಕೊಂಡು ಬಾಗಿಲಲ್ಲಿ ನಿಂತಿರುತ್ತಾರೆ. ಮಾರುವವರಿಗೆ ಮಗಳ ಮದುವೆ ಖರ್ಚು ಇರುತ್ತದೆ. ಆದರೆ ಕೊಳ್ಳುವವರ ಮೇಲೆ ಕೇಸು ಇದೆಯೇ, ಅವರ ಲೈಸೆನ್ಸ್ ಅಸಲಿಯೇ ಅಂತ ನೋಡಲು ಪೊಲೀಸರಿಗೆ ಸಿಗುವ ಸಮಯ ಅದೊಂದೇ. ಭೀಮಾ ತೀರದ ಊರುಗಳಲ್ಲಿ ಅಕ್ರಮ ಪಿಸ್ತೂಲು ಎಷ್ಟು ಮನೆ ಹಾಳು ಮಾಡಿದೆ ಅಂತ ನಿಮಗೆ ನಾನು ಹೇಳಬೇಕಿಲ್ಲ. ತಲೆಮಾರು ತಲೆಮಾರಿನ ದ್ವೇಷಕ್ಕೆ ಒಂದು ನಳಿಗೆ ಸಾಕು. ಅದು ನಿಮ್ಮ ಮನೆಯಿಂದ ಹೋದದ್ದು ಆಗಬಾರದು, ಅಲ್ವಾ?

ಪತ್ರ ಯಾರಿಗೆ ಕೊಡಬೇಕು ಅನ್ನುವಲ್ಲಿ ಒಂದು ಗೊಂದಲ ಇದೆ. ಬೀದರ್ ಮತ್ತು ಯಾದಗಿರಿ ಜಿಲ್ಲೆಯವರಿಗೆ, ಕಲಬುರಗಿ ಜಿಲ್ಲೆಯ ಹಳ್ಳಿ, ತಾಲ್ಲೂಕಿನವರಿಗೆ ಜಿಲ್ಲಾಧಿಕಾರಿಗಳೇ ಜಿಲ್ಲಾ ದಂಡಾಧಿಕಾರಿ. ಕಲಬುರಗಿ ನಗರದೊಳಗೆ ಪೊಲೀಸ್ ಕಮಿಷನರೇಟ್ ಇದೆ. ಪೊಲೀಸ್ ಆಯುಕ್ತರು ಇರುವ ಕಡೆ ಜಿಲ್ಲಾ ದಂಡಾಧಿಕಾರಿ ಅಂದರೆ ಆಯುಕ್ತರೇ ಅಂತ ಕಾಯ್ದೆ ಹೇಳುತ್ತದೆ. ಹಾಗಾಗಿ ನಗರದವರು ಅವರ ಕಚೇರಿಗೆ ಹೋಗಬೇಕು. ಪತ್ರ ಎರಡು ಪ್ರತಿ ಇರಲಿ. ಒಂದನ್ನು ಅವರು ಇಟ್ಟುಕೊಳ್ಳುತ್ತಾರೆ, ಇನ್ನೊಂದರ ಮೇಲೆ ಸೀಲು, ತಾರೀಕು ಹಾಕಿಸಿಕೊಂಡು ಬನ್ನಿ. 45 ದಿನ ಎಣಿಸುವುದು ಆ ತಾರೀಕಿನಿಂದ. ಬಾಯಿಮಾತಿನಲ್ಲಿ 'ಸಾಹೇಬರಿಗೆ ಹೇಳಿ ಬಂದೀನಿ' ಅಂದರೆ ನಾಳೆ ಕೋರ್ಟಿನಲ್ಲಿ ಅದಕ್ಕೆ ಬೆಲೆ ಇಲ್ಲ. ಎಷ್ಟೋ ಸಲ ಕಚೇರಿಯವರು ಎರಡೂ ಕಡೆಯ ಪೊಲೀಸ್ ವರದಿ ತರಿಸಿಕೊಂಡು ಬರಹದಲ್ಲಿ ಅನುಮತಿ ಕೊಡುತ್ತಾರೆ. ದಿನ ಮುಗಿದರೂ ಆ ಕಾಗದ ಬರುವವರೆಗೆ ತಾಳಿ. ನಾಲ್ಕು ದಿನ ಜಾಸ್ತಿ ಆದರೆ ಏನೂ ಮುಳುಗುವುದಿಲ್ಲ.

ಪತ್ರ ಬರೆಯುವ ಮೊದಲು ಒಂದು ಕೆಲಸ ಮಾಡಿ. ಬಂದೂಕಿನ ನಂಬರ್ ನೋಡಿ. ಮೊದಲು ಅದು ಖಾಲಿ ಇದೆ ಅಂತ ಖಾತ್ರಿ ಮಾಡಿಕೊಳ್ಳಿ. ಜೋಡುನಳಿಗೆ ಬಂದೂಕಾದರೆ ಮಡಚಿ ತೆರೆಯಿರಿ. ನಳಿಗೆಯ ಹಿಂತುದಿಯ ಕೆಳಗಿನ ಚಪ್ಪಟೆ ಭಾಗದಲ್ಲಿ, ಅದು ಕೂರುವ ಕಬ್ಬಿಣದ ಮೇಲೆ ಸಣ್ಣ ಅಂಕಿಗಳು ಕೆತ್ತಿರುತ್ತವೆ. ತುಕ್ಕು, ಹಳೆಯ ಎಣ್ಣೆ, ಧೂಳು ಕೂತು ಕಾಣಿಸದೇ ಇರಬಹುದು. ಬಟ್ಟೆಗೆ ಒಂದು ಹನಿ ಎಣ್ಣೆ ಹಾಕಿ ಒರೆಸಿ, ಟಾರ್ಚ್ ಅಡ್ಡ ಹಿಡಿದು ಓದಿ. ಆಮೇಲೆ ಲೈಸೆನ್ಸ್ ಪುಸ್ತಕದ ನಂಬರ್ ಜೊತೆ ಒಂದೊಂದೇ ಅಂಕಿ ಹೋಲಿಸಿ. ಹಿಂದಿನ ಗುಮಾಸ್ತರು ಕೈಯಲ್ಲಿ ಬರೆದ ಪುಸ್ತಕಗಳಲ್ಲಿ 1 ಹೋಗಿ 7 ಆಗಿರುತ್ತದೆ, ಒಂದು ಸೊನ್ನೆ ಬಿಟ್ಟು ಹೋಗಿರುತ್ತದೆ. ವ್ಯತ್ಯಾಸ ಕಂಡರೆ ಮಾರಾಟದ ಮಾತು ಅಲ್ಲಿಗೇ ನಿಲ್ಲಿಸಿ, ಕಚೇರಿಗೆ ಅರ್ಜಿ ಕೊಟ್ಟು ಮೊದಲು ತಿದ್ದಿಸಿಕೊಳ್ಳಿ.

ಇದನ್ನು ಇಷ್ಟು ಬಿಡಿಸಿ ಹೇಳಲು ಕಾರಣ ಕಾಯ್ದೆಯ 8ನೇ ಸೆಕ್ಷನ್. ತಯಾರಕರ ಹೆಸರು, ನಂಬರ್ ಅಥವಾ ಬೇರೆ ಗುರುತು ಇಲ್ಲದ ಬಂದೂಕನ್ನು ಮಾರುವ ಹಾಗೇ ಇಲ್ಲ. ನಂಬರ್ ಅಳಿಸುವುದು, ಅರ ಹಾಕಿ ಉಜ್ಜುವುದು, ಹೊಸದಾಗಿ ಕೊರೆಯುವುದು ಇನ್ನೂ ದೊಡ್ಡ ಅಪರಾಧ. ನಂಬರ್ ಅಳಿಸಿದ ಬಂದೂಕು ನಿಮ್ಮ ಮನೆಯಲ್ಲಿ ಸಿಕ್ಕರೆ, ಅಳಿಸಿದ್ದು ನೀವೇ ಅಂತ ಕಾಯ್ದೆ ಮೊದಲು ಭಾವಿಸುತ್ತದೆ. ಅಲ್ಲ ಅಂತ ತೋರಿಸುವ ಹೊಣೆ ನಿಮ್ಮದು. ಹಾಗಾಗಿ 'ನಂಬರ್ ಸರಿಯಾಗಿ ಕಾಣ್ತಿಲ್ಲ, ಸ್ವಲ್ಪ ಕೊರೆದು ಕೊಡಪ್ಪ' ಅಂತ ಊರಿನ ಕಮ್ಮಾರರ ಹತ್ತಿರ ದಯವಿಟ್ಟು ಹೋಗಬೇಡಿ.

ಇನ್ನು ಕೊಳ್ಳುವವರ ಕಡೆಗೆ ಬರೋಣ. ಅವರ ಹತ್ತಿರ ಲೈಸೆನ್ಸ್ ಇರಬೇಕು, ಅದರ ಅವಧಿ ಮುಗಿದಿರಬಾರದು. ನೀವು ಮಾರುವ ಬಗೆಯ ಆಯುಧ ಅದರಲ್ಲಿ ನಮೂದಾಗಿರಬೇಕು, ಅದನ್ನು ಕೊಳ್ಳಲು ಇನ್ನೂ ಜಾಗ ಖಾಲಿ ಇರಬೇಕು. ಪಿಸ್ತೂಲಿಗೆ ಲೈಸೆನ್ಸ್ ಇರುವವರು 12 ಬೋರ್ ಬಂದೂಕು ಕೊಳ್ಳಲು ಆಗದು. 2019ರ ತಿದ್ದುಪಡಿ ಆದ ಮೇಲೆ ಒಬ್ಬರ ಹೆಸರಲ್ಲಿ ಎರಡಕ್ಕಿಂತ ಹೆಚ್ಚು ಬಂದೂಕು ಇರುವ ಹಾಗಿಲ್ಲ. ಮೊದಲು ಮೂರು ಇತ್ತು. ಅವರ ಪುಸ್ತಕದಲ್ಲಿ ಆಗಲೇ ಎರಡು ಇದ್ದರೆ ಅವರಿಗೆ ಮಾರಬೇಡಿ. 21 ವರ್ಷ ತುಂಬದವರಿಗೂ ಇಲ್ಲ. ಹಿಂಸೆಯ ಕೇಸಿನಲ್ಲಿ ಜೈಲು ಶಿಕ್ಷೆಯಾದವರಿಗೆ ಶಿಕ್ಷೆ ಮುಗಿದು 5 ವರ್ಷ ಕಳೆಯುವವರೆಗೂ ಇಲ್ಲ. ಒಳ್ಳೆಯ ನಡತೆಗೆ ಮುಚ್ಚಳಿಕೆ ಬರೆದುಕೊಟ್ಟವರಿಗೆ ಅದರ ಅವಧಿ ಮುಗಿಯುವವರೆಗೂ ಇಲ್ಲ. ಮಾನಸಿಕ ಅಸ್ವಸ್ಥತೆ ಇದೆ ಅಂತ ಗೊತ್ತಿದ್ದರೆ, ಅಥವಾ ಹಾಗೆ ನಂಬಲು ಕಾರಣ ಇದ್ದರೆ ಕೊಡಲೇಬಾರದು. ಪುಸ್ತಕದ ಫೋಟೋ ಮೊಬೈಲಿಗೆ ಕಳಿಸಿದರು ಅಂತ ಒಪ್ಪಬೇಡಿ. ಮೂಲ ಪುಸ್ತಕವನ್ನು ಕೈಯಲ್ಲಿ ಹಿಡಿದು ನೋಡಿ. ಅದರಲ್ಲಿ ವಿಶಿಷ್ಟ ಗುರುತಿನ ಸಂಖ್ಯೆ ಇರುತ್ತದೆ. ಲೈಸೆನ್ಸುಗಳ ರಾಷ್ಟ್ರೀಯ ದಾಖಲೆಯಲ್ಲಿ ಅವರು ಸೇರಿದ್ದಾರೆ ಅನ್ನುವುದಕ್ಕೆ ಅದೇ ಗುರುತು. ನಿಮ್ಮ ಪತ್ರದಲ್ಲಿ ಆ ಸಂಖ್ಯೆಯನ್ನೂ ಬರೆಯಿರಿ.

ನಾವು ಗಡಿ ಜಿಲ್ಲೆಯವರು. ಬೀದರ್ ದಾಟಿದರೆ ಜಹೀರಾಬಾದ್, ಆಳಂದ ದಾಟಿದರೆ ಅಕ್ಕಲಕೋಟೆ, ಯಾದಗಿರಿ ಕಡೆಯಿಂದ ನಾರಾಯಣಪೇಟೆ. ನೆಂಟಸ್ತನ, ವ್ಯಾಪಾರ ಎಲ್ಲ ಆ ಕಡೆಗೂ ಇದೆ. ಆದರೆ ಪ್ರತಿ ಲೈಸೆನ್ಸ್ ಯಾವ ಪ್ರದೇಶಕ್ಕೆ ಚಾಲ್ತಿಯಲ್ಲಿದೆ ಅಂತ ಅದರಲ್ಲೇ ಬರೆದಿರುತ್ತದೆ. ತೆಲಂಗಾಣಕ್ಕೆ ಮಾತ್ರ ಇರುವ ಲೈಸೆನ್ಸ್ ಹಿಡಿದವರು ಬೀದರಿಗೆ ಬಂದು ಬಂದೂಕು ಹೊತ್ತುಕೊಂಡು ಹೋದರೆ ಚೆಕ್ ಪೋಸ್ಟಿನಲ್ಲಿ ಸಿಕ್ಕಿಬೀಳುತ್ತಾರೆ, ನಿಮ್ಮನ್ನೂ ಠಾಣೆಗೆ ಎಳೆಯುತ್ತಾರೆ. ಸಾಧ್ಯವಾದರೆ ನಿಮ್ಮ ಜಿಲ್ಲೆಯಲ್ಲೇ ಕೊಳ್ಳುವವರನ್ನು ಹುಡುಕಿ.

ಬಾಂಡ್ ಪೇಪರ್ ವಿಷಯವನ್ನೂ ಹೇಳಿಬಿಡುತ್ತೇನೆ. ಹೊಲ ಮಾರಿದರೂ, ಎಮ್ಮೆ ಮಾರಿದರೂ ಬಾಂಡ್ ಬರೆಸುವುದು ನಮ್ಮ ರೂಢಿ. ಬಂದೂಕಿಗೂ ಬರೆಸಿಕೊಳ್ಳಿ, ಬೇಡ ಅನ್ನುವುದಿಲ್ಲ. ದುಡ್ಡು ಬ್ಯಾಂಕಿನ ಮೂಲಕವೇ ಬರಲಿ. ಆದರೆ ಬಾಂಡ್ ಇದೆ ಅಂತ ಬಂದೂಕು ನಿಮ್ಮ ಲೈಸೆನ್ಸಿನಿಂದ ಇಳಿದು ಹೋಗುವುದಿಲ್ಲ. ಹೆಸರು ಬದಲಾಯಿಸದೆ ಬೈಕ್ ಮಾರಿದವರ ಮನೆಗೆ ಅಪಘಾತದ ನೋಟಿಸ್ ಬರುತ್ತದಲ್ಲ, ಇಲ್ಲೂ ಹಾಗೇ. ನಿಮ್ಮ ಪುಸ್ತಕದಿಂದ ಆ ನಂಬರ್ ತೆಗೆಸಿ, ಅವರ ಪುಸ್ತಕದಲ್ಲಿ ಬರೆಸಿದ ಮೇಲೆಯೇ ನಿಮ್ಮ ಹೊಣೆ ಇಳಿಯುವುದು. ಮನೆಯಲ್ಲಿ ಉಳಿದ ತೋಟಾಗಳಿಗೂ ಇದೇ ನಿಯಮ. ಬಂದೂಕು ಮಾರಿ ತೋಟಾ ಕಪಾಟಿನಲ್ಲಿ ಬಿಡಬೇಡಿ. ಎಷ್ಟು ಇವೆ ಅಂತ ಎಣಿಸಿ ಪತ್ರದಲ್ಲಿ ಬರೆಯಿರಿ.

'ನಾನು ಮಾರಲಿಲ್ಲ, ಅಳಿಯನಿಗೆ ಸುಮ್ನೆ ಕೊಟ್ಟೆ' ಅನ್ನುವವರೂ ಇದ್ದಾರೆ. ಕಾಯ್ದೆಯಲ್ಲಿ ಮಾರಾಟ ಮತ್ತು ಹಸ್ತಾಂತರ ಎರಡೂ ಇವೆ. ಉಡುಗೊರೆಯೂ ಹಸ್ತಾಂತರವೇ. ಅಣ್ಣ, ತಮ್ಮ, ಅಳಿಯ ಯಾರೇ ಆಗಲಿ, ಪತ್ರ ಬೇಕು, 45 ದಿನವೂ ಬೇಕು.

ತಪ್ಪಿದರೆ ಏನು? ತಿಳಿಸದೆ ಅಥವಾ 45 ದಿನ ಮುಗಿಯುವ ಮೊದಲೇ ಮಾರಿದರೆ 6 ತಿಂಗಳವರೆಗೆ ಜೈಲು, ಇಲ್ಲವೇ 500 ರೂಪಾಯಿವರೆಗೆ ದಂಡ, ಅಥವಾ ಎರಡೂ. ದಂಡ ಸಣ್ಣದು ಅಂತ ಹಗುರವಾಗಿ ತಗೋಬೇಡಿ. ಹಕ್ಕಿಲ್ಲದವರಿಗೆ ಮಾರಿದರೆ ಅದು ಅಕ್ರಮ ಆಯುಧ ಮಾರಾಟ ಆಗುತ್ತದೆ. 2019ರ ತಿದ್ದುಪಡಿಯ ಪ್ರಕಾರ ಅದಕ್ಕೆ ಕನಿಷ್ಠ 7 ವರ್ಷ, ಹೆಚ್ಚೆಂದರೆ ಜೀವಾವಧಿ ಶಿಕ್ಷೆ. ಲೈಸೆನ್ಸ್ ಇಲ್ಲದೆ ಅದನ್ನು ಇಟ್ಟುಕೊಂಡವರಿಗೆ 2ರಿಂದ 5 ವರ್ಷ.

ಈಗ ಹೇಳುವುದನ್ನು ಮನೆಯ ಹೆಣ್ಣುಮಕ್ಕಳು ಕೇಳಿಸಿಕೊಳ್ಳಬೇಕು. ನನ್ನ ಮನಸ್ಸಿಗೆ ಬಹಳ ಹತ್ತಿರದ ವಿಷಯ ಇದು. ಲೈಸೆನ್ಸ್ ಇದ್ದ ಗಂಡ ತೀರಿಕೊಳ್ಳುತ್ತಾನೆ. ಬಂದೂಕು ಟ್ರಂಕಿನಲ್ಲೋ ಅಟ್ಟದ ಮೇಲೋ ಉಳಿಯುತ್ತದೆ. ಹೆಂಡತಿಗೆ ಅದನ್ನು ಮುಟ್ಟಲೂ ಭಯ. ಲೈಸೆನ್ಸ್ ಅನ್ನುವುದು ಆ ವ್ಯಕ್ತಿಯದು, ಆಸ್ತಿಯ ಹಾಗೆ ತಾನಾಗಿ ಹೆಂಡತಿ ಮಕ್ಕಳಿಗೆ ಬರುವುದಿಲ್ಲ. ಹಾಗಾಗಿ ಆಕೆಗೆ ಗೊತ್ತಿಲ್ಲದೆಯೇ ಆಕೆ ಲೈಸೆನ್ಸ್ ಇಲ್ಲದೆ ಬಂದೂಕು ಇಟ್ಟುಕೊಂಡ ಹಾಗಾಗುತ್ತದೆ. ಇಂಥ ಹೊತ್ತಿನಲ್ಲೇ ಊರಿನವರೊಬ್ಬರು ಬಂದು, 'ಅಕ್ಕಾ, ನಾ ತಗೊಂಡು ಹೋಗ್ತೀನಿ, ಇಷ್ಟು ಕೊಡ್ತೀನಿ' ಅನ್ನುತ್ತಾರೆ. ಕೊಡಬೇಡಿ ತಾಯಿ. ತಡ ಮಾಡದೆ ಹತ್ತಿರದ ಠಾಣೆಗೆ ಸುದ್ದಿ ಕಳಿಸಿ, 'ನಮ್ಮ ಯಜಮಾನರು ತೀರಿಕೊಂಡರು, ಬಂದೂಕು ಮನೆಯಲ್ಲಿದೆ, ಜಮಾ ಮಾಡಿಕೊಳ್ಳಿ' ಅನ್ನಿ. ಠಾಣೆಯಲ್ಲಿ ಇಲ್ಲವೇ ಲೈಸೆನ್ಸ್ ಇರುವ ಬಂದೂಕು ಅಂಗಡಿಯಲ್ಲಿ ಜಮಾ ಮಾಡಲು 21ನೇ ಸೆಕ್ಷನ್ ಅವಕಾಶ ಕೊಟ್ಟಿದೆ. ರಸೀದಿ ಕೇಳಿ ಪಡೆಯಿರಿ.

ಜಮಾ ಮಾಡಿದರೆ ಬಂದೂಕು ಸರ್ಕಾರದ ಪಾಲಾಗುತ್ತದೆ ಅಂತ ಹೆದರಬೇಡಿ. ನಿಗದಿ ಮಾಡಿದ ಅವಧಿಯೊಳಗೆ ಅದನ್ನು ಹಕ್ಕಿರುವವರಿಗೆ ಮಾರಿಸಿ ಹಣ ಪಡೆಯುವ ಹಕ್ಕು ವಾರಸುದಾರರಿಗೆ ಇದೆ. ಮಗನೋ ಮಗಳೋ ಲೈಸೆನ್ಸ್ ಮಾಡಿಸಿಕೊಂಡು ವಾಪಸ್ ತರಲೂಬಹುದು. ಆದರೆ ಆ ಅವಧಿ ಮೀರಿದರೆ ಮುಟ್ಟುಗೋಲು ಆಗುತ್ತದೆ. ಜಮಾ ಮಾಡುವ ದಿನವೇ ಕೊನೆಯ ತಾರೀಕು ಕೇಳಿ ರಸೀದಿಯ ಹಿಂದೆ ಬರೆದಿಟ್ಟುಕೊಳ್ಳಿ.

ಬದುಕಿರುವಾಗಲೇ ದಾರಿ ಮಾಡಲೂ ಅವಕಾಶ ಇದೆ. 2016ರ ಆಯುಧ ನಿಯಮಗಳ ಪ್ರಕಾರ ಲೈಸೆನ್ಸ್ ಇರುವವರಿಗೆ 70 ವರ್ಷ ತುಂಬಿದ್ದರೆ ಅಥವಾ ಬಂದೂಕು ಅವರ ಹತ್ತಿರ 25 ವರ್ಷ ಇದ್ದಿದ್ದರೆ, ವಾರಸುದಾರರು ಆ ಬಂದೂಕಿಗೆ ಲೈಸೆನ್ಸ್ ಕೇಳಿ ಅರ್ಜಿ ಹಾಕಬಹುದು. ಆ ವಯಸ್ಸಿನ ಹಿರಿಯರು ಮನೆಯಲ್ಲಿದ್ದರೆ ಇದೇ ವಾರ ಮಕ್ಕಳ ಜೊತೆ ಕೂತು ಮಾತಾಡಿ. ಮಕ್ಕಳಿಗೆ ಬೇಡ ಅಂದರೆ ನೀವು ಗಟ್ಟಿಯಾಗಿರುವಾಗಲೇ, ನಿಮ್ಮ ಕೈಯಿಂದಲೇ ಮಾರಿ.

ಕೊನೆಗೆ ಒಂದು ಮಾತು. ಬಂದೂಕನ್ನು ರಿಪೇರಿಗೋ ಲೈಸೆನ್ಸ್ ನವೀಕರಣಕ್ಕೋ ಬೇರೆಯವರ ಕೈಯಲ್ಲಿ ಕಳಿಸುವುದಾದರೆ, ಲೈಸೆನ್ಸ್ ಇರುವವರು ಬರಹದಲ್ಲಿ ಅಧಿಕಾರ ಪತ್ರ ಬರೆದು, ಸಹಿ ಹಾಕಿ ಜೊತೆಗೆ ಕಳಿಸಬೇಕು. ಕೊಳ್ಳುವವರಿಗೆ ಒಪ್ಪಿಸುವ ದಿನ ಮಾತ್ರ ನೀವೇ ಹೋಗಿ. ನಳಿಗೆ ಖಾಲಿ ಇರಲಿ, ಬಂದೂಕು ಚೀಲದೊಳಗೆ ಇರಲಿ, ತೋಟಾ ಬೇರೆ ಡಬ್ಬಿಯಲ್ಲಿ ಇರಲಿ, ಸೀಲು ಬಿದ್ದ ಪತ್ರದ ಪ್ರತಿ ಜೇಬಿನಲ್ಲಿ ಇರಲಿ. ನಮಸ್ಕಾರ.