ಅರ್ಧ ತೋಡಿದ ಬಾವಿ

ಕೇಳುಗರಿಗೆ ನಮಸ್ಕಾರ.

ಬೆಂಕಿ ಬಿದ್ದಾಗ ಬಾವಿ ತೋಡಬಾರದು ಎನ್ನುವುದು ನಮಗೆಲ್ಲ ಬಾಯಿಪಾಠ. ಆದರೆ ಬೆಂಕಿ ಆರಿದ ಮೇಲೆ, ಗಾಬರಿಯಲ್ಲಿ ಅರ್ಧ ತೋಡಿದ್ದ ಆ ಬಾವಿಯ ಕಡೆ ಯಾರಾದರೂ ತಿರುಗಿ ನೋಡುತ್ತಾರೆಯೆ? ತುರ್ತು ನಿರ್ವಹಣೆಯ ತೊಡಕೆಲ್ಲ ಇರುವುದು ಇಲ್ಲೇ ಅಂತ ನನಗೆ ಅನ್ನಿಸುತ್ತದೆ.

ತಡೆ, ಸಿದ್ಧತೆ, ರಕ್ಷಣೆ, ಪುನರ್ವಸತಿ. ತುರ್ತು ನಿರ್ವಹಣೆಯ ಈ ನಾಲ್ಕು ಹಂತಗಳು ಒಂದರಿಂದ ಇನ್ನೊಂದಕ್ಕೆ ತಿರುಗುತ್ತ ಹೋಗುವುದರಿಂದ ಬಲ್ಲವರು ಇದನ್ನು ಚಕ್ರ ಎನ್ನುತ್ತಾರೆ. ಕಾಗದದ ಮೇಲೆ ದುಂಡಗೆ ಕಾಣುವ ಈ ಚಕ್ರ ನೆಲಕ್ಕಿಳಿದರೆ ಕುಂಟುತ್ತದೆ. ಬಾಂಗ್ಲಾದೇಶದ ಕರಾವಳಿಯನ್ನೇ ನೋಡಿ.

1970ರ ನವೆಂಬರ್. ಅದಿನ್ನೂ ಪೂರ್ವ ಪಾಕಿಸ್ತಾನ. ಭೋಲಾ ಚಂಡಮಾರುತ ಕನಿಷ್ಠ 3 ಲಕ್ಷ ಜನರನ್ನು ಬಲಿ ತೆಗೆದುಕೊಂಡಿತು. ಮುನ್ಸೂಚನೆ ಇರಲೇ ಇಲ್ಲವೆಂದಲ್ಲ. ದ್ವೀಪಗಳ ಜನರಿಗೆ ಅದು ತಿಳಿಯುವ ಹಾಗೆ ಮುಟ್ಟಲಿಲ್ಲ. ರೇಡಿಯೊದ ಮೈಕಿನ ಮುಂದೆ ಕೂತು ಈ ಮಾತು ಹೇಳಲು ನನಗೆ ಸ್ವಲ್ಪ ಮುಜುಗರವೇ.

ಆಮೇಲೆ ಊರೂರಿನ ಸ್ವಯಂಸೇವಕರ ಪಡೆ ಹುಟ್ಟಿತು. ರೇಡಿಯೊದಲ್ಲಿ ಕೇಳಿದ್ದನ್ನು ಮೆಗಾಫೋನು ಹಿಡಿದು ಮನೆಮನೆಗೆ ಸಾರುವವರು ಅವರು. ಆದರೂ 1991ರ ಚಂಡಮಾರುತದಲ್ಲಿ ಸುಮಾರು 1 ಲಕ್ಷ 40 ಸಾವಿರ ಮಂದಿ ಸತ್ತರು. ಎಚ್ಚರಿಕೆ ಈ ಸಲ ತಲುಪಿತ್ತು, ಓಡಿ ಹೋಗಲು ಜಾಗ ಸಾಲಲಿಲ್ಲ. ಗಂಡಸರಿಗಿಂತ ಹೆಂಗಸರೇ ಹೆಚ್ಚು ಸತ್ತರು. ದನಕರುಗಳನ್ನು ಬಿಟ್ಟು ಬರಲಾಗದೆ ಮನೆಯಲ್ಲೇ ಉಳಿದವರೂ ಇದ್ದರು. ಬಡವನ ಆಸ್ತಿಯೇ ಒಂದು ಹಸುವಾದರೆ, ‘ಜೀವ ಮುಖ್ಯ, ಬನ್ನಿ’ ಎಂದು ಕರೆಯುವುದು ಕರೆಯುವವನಿಗೆ ಸುಲಭ.

ಆ ಸಾವುಗಳನ್ನು ಲೆಕ್ಕ ಹಾಕಿದವರು ಕಾರಣಗಳನ್ನೂ ಬರೆದಿಟ್ಟುಕೊಂಡರು. ಕಂಬಗಳ ಮೇಲೆ ಎತ್ತರಿಸಿ ಕಟ್ಟಿದ ಆಶ್ರಯತಾಣಗಳು ಹೆಚ್ಚಿದವು. ಹಲವು ಕಡೆ ಅವೇ ಶಾಲೆಗಳು. ದಿನವೂ ಮಕ್ಕಳು ಹತ್ತಿಳಿಯುವ ಕಟ್ಟಡವಾದ್ದರಿಂದ, ಗಾಳಿಯ ರಾತ್ರಿ ಬೀಗದ ಕೈ ಯಾರ ಹತ್ತಿರವಿದೆ ಎಂದು ಹುಡುಕಬೇಕಿಲ್ಲ. ದನಗಳಿಗೆ ಮಣ್ಣಿನ ದಿಬ್ಬಗಳು ಎದ್ದವು. ಸ್ವಯಂಸೇವಕರ ಪಡೆಗೆ ಹೆಂಗಸರೂ ದೊಡ್ಡ ಸಂಖ್ಯೆಯಲ್ಲಿ ಬಂದರು. 2007ರಲ್ಲಿ ಸಿಡ್ರ್ ಎಂಬ ಭಾರಿ ಚಂಡಮಾರುತ ಅಪ್ಪಳಿಸಿದಾಗ ಸತ್ತವರು ಸುಮಾರು 3,400. ಅದೂ ಸಣ್ಣ ಸಂಖ್ಯೆಯಲ್ಲ. ಆದರೆ 1970ರ ಪಕ್ಕದಲ್ಲಿಟ್ಟು ನೋಡಿ.

ಚಕ್ರ ಅಲ್ಲಿಗೆ ಸರಿಯಾಯಿತೆ? 2009ರ ಐಲಾ ಚಂಡಮಾರುತದಲ್ಲಿ ಪ್ರಾಣ ಕಳೆದುಕೊಂಡವರು ಇನ್ನೂ ಕಡಿಮೆ. ಆದರೆ ಸಮುದ್ರ ತಡೆಯುವ ಏರಿಗಳು ಒಡೆದವು, ಅವನ್ನು ಕಟ್ಟುವುದು ತಡವಾಯಿತು. ಉಬ್ಬರ ಬಂದಾಗಲೆಲ್ಲ ಉಪ್ಪುನೀರು ಗದ್ದೆಗೆ ನುಗ್ಗುತ್ತಿತ್ತು. ಬಿರುಗಾಳಿ ಹೋಗಿ ವರ್ಷ ಕಳೆದರೂ ಸಾವಿರಾರು ಕುಟುಂಬಗಳು ಅದೇ ಏರಿಗಳ ಮೇಲೆ ಗುಡಿಸಲು ಹಾಕಿಕೊಂಡು, ಮುಂದಿನ ಮಳೆಗಾಲಕ್ಕೆ ಕಾಯುತ್ತಿದ್ದವು.

ನಮಸ್ಕಾರ.