ಚಿತ್ರಾನ್ನ ಕೆಡೋದು ಬೆಳಿಗ್ಗೆ ಅಲ್ಲ, ರಾತ್ರಿ

ರಾತ್ರಿ ಮಿಕ್ಕ ಅನ್ನವನ್ನ ಪಾತ್ರೆಯಲ್ಲೇ ಮುಚ್ಚಿಟ್ಟು, ಬೆಳಿಗ್ಗೆ ಒಗ್ಗರಣೆ ಕೊಟ್ಟು ಚಿತ್ರಾನ್ನ ಕಲಸೋದು ನಮ್ಮಲ್ಲಿ ಎಷ್ಟೋ ಮನೆಗಳ ರೂಢಿ. ಕೇಳಿದ್ರೆ, "ಚೆನ್ನಾಗಿ ಬಿಸಿ ಮಾಡ್ತೀವಲ್ಲ, ಏನಾಗತ್ತೆ?" ಅಂತಾರೆ. ಈ ಮಾತು ಪೂರ್ತಿ ತಪ್ಪು. ಬಾಣಲೆ ಒಲೆ ಮೇಲೆ ಇಡೋ ಹೊತ್ತಿಗೆ ಕೆಡುಕು ಆಗಿಹೋಗಿರಬಹುದು.

ಬ್ಯಾಸಿಲಸ್ ಸೀರಿಯಸ್ ಅನ್ನೋ ಬ್ಯಾಕ್ಟೀರಿಯಾ ಮಣ್ಣಲ್ಲಿ ಇರತ್ತೆ. ಅದರ ಬೀಜಾಣುಗಳು ಅಕ್ಕಿ ಜೊತೆ ಅಡುಗೆಮನೆಗೆ ಬರ್ತವೆ. ಅಕ್ಕಿ ಮೂರು ಸಲ ತೊಳೆದ್ರೂ ಪೂರ್ತಿ ಹೋಗಲ್ಲ, ಅನ್ನ ಕುದಿಸಿದ್ರೂ ಕೆಲವು ಉಳಿತವೆ. ಅನ್ನ 60 ಡಿಗ್ರಿಗಿಂತ ಕೆಳಗೆ ಇಳಿದು ಬೆಚ್ಚಗೆ ಕೂತಿತು ಅಂದ್ರೆ ಅವು ಮೊಳೆತು ಹೆಚ್ಚಾಗ್ತವೆ, ಸೆರ್ಯುಲೈಡ್ ಅನ್ನೋ ವಿಷ ಬಿಡ್ತವೆ. ಬೆಳಿಗ್ಗೆ ಬಿಸಿ ಮಾಡಿದಾಗ ಬ್ಯಾಕ್ಟೀರಿಯಾ ಸಾಯತ್ತೆ, ವಿಷ ಮಾತ್ರ ಹಾಗೇ ಇರತ್ತೆ. 121 ಡಿಗ್ರಿಯಲ್ಲಿ ಒಂದು ಗಂಟೆ ಕಾಯಿಸಿದ್ರೂ ಅದು ಹೋಗಲ್ಲ. ನಿಂಬೆಹುಳಿಗೂ ಜಗ್ಗಲ್ಲ. ಅನ್ನ ಹಳಸಿದ ವಾಸನೆ ಬರಲೇಬೇಕು ಅಂತಿಲ್ಲ. ತಿಂದು ಅರ್ಧ ಗಂಟೆಯಿಂದ 6 ಗಂಟೆಯೊಳಗೆ ಹೊಟ್ಟೆ ತೊಳಸಿ ವಾಂತಿ ಶುರುವಾಗತ್ತೆ. 1970ರ ದಶಕದಲ್ಲಿ ಬ್ರಿಟನ್ನಿನ ಚೀನೀ ಹೋಟೆಲುಗಳಲ್ಲಿ ಫ್ರೈಡ್ ರೈಸ್ ತಿಂದವರಿಗೆ ಆಗಿದ್ದೂ ಇದೇ. ಅಲ್ಲೂ ಬೇಯಿಸಿದ ಅನ್ನ ಹೊರಗೇ ಉಳಿದಿತ್ತು.

ಹಾಗಾಗಿ ಜಾಗ್ರತೆ ಬೇಕಿರೋದು ಊಟ ಮುಗಿದ ತಕ್ಷಣ. ಕುಕ್ಕರಿನಲ್ಲಿ ಒತ್ತಾಗಿ ಕೂತ ಅನ್ನದ ನಡುಭಾಗ ಗಂಟೆಗಟ್ಟಲೆ ಬೆಚ್ಚಗಿರತ್ತೆ, ಮುಚ್ಚಳ ಹಾಕಿದ್ರಂತೂ ಇನ್ನೂ ಹೆಚ್ಚು ಹೊತ್ತು. ಅಗಲವಾದ ತಟ್ಟೆಗೆ ಹಾಕಿ, ಎರಡು ಇಂಚಿಗಿಂತ ದಪ್ಪ ಬೇಡ, ಫ್ಯಾನ್ ಕೆಳಗೆ ಹರಡಿ. ಎರಡು ಗಂಟೆಯೊಳಗೆ 21 ಡಿಗ್ರಿಗೆ ಇಳಿಬೇಕು, ಮುಂದಿನ ನಾಲ್ಕು ಗಂಟೆಯಲ್ಲಿ 5ಕ್ಕೆ. ನಮ್ಮ ಬೇಸಿಗೆಯಲ್ಲಿ ಕೋಣೆಯೇ 30 ಡಿಗ್ರಿ ದಾಟಿರತ್ತೆ, ಹೊರಗಿಟ್ರೆ ಅದು ಸಾಧ್ಯವೇ ಇಲ್ಲ. ಹಬೆ ಅಡಗಿದ ಮೇಲೆ ಚಿಕ್ಕ ಡಬ್ಬಿಗಳಲ್ಲಿ ಫ್ರಿಜ್ಜಿಗೆ ಇಡಿ. ಸ್ವಲ್ಪ ಬೆಚ್ಚಗಿದ್ರೆ ಫ್ರಿಜ್ ಹಾಳಾಗತ್ತೆ ಅನ್ನೋ ಭಯ ಬೇಡ. ಮಾರನೇ ದಿನವೇ ಹಬೆಯಾಡೋ ಹಾಗೆ ಬಿಸಿ ಮಾಡಿ ಮುಗಿಸಿ, ಎರಡನೇ ಸಲ ಎತ್ತಿಡಬೇಡಿ.

ಹಳೇ ಅನ್ನವೇ ಬೇಕು ಅನ್ನೋರಿಗೆ ಇರೋ ಆಸೆ ನ್ಯಾಯವಾದದ್ದು: ಚಿತ್ರಾನ್ನ ಉದುರುದುರಾಗಿರಬೇಕು. ಫ್ರಿಜ್ ಇಲ್ಲದ ಮನೆಯಲ್ಲೂ ಅದು ಆಗತ್ತೆ. ಬೆಳಿಗ್ಗೆಯೇ ನೀರು ಒಂಚೂರು ಕಡಿಮೆ ಹಾಕಿ ಅನ್ನ ಮಾಡಿ, ಒಂದು ಚಮಚ ಎಣ್ಣೆ ಸವರಿ, ತಟ್ಟೆಯಲ್ಲಿ ಹರಡಿ ಕಾಲು ಗಂಟೆ ಫ್ಯಾನ್ ಗಾಳಿಗೆ ಬಿಡಿ. ಅಷ್ಟರಲ್ಲಿ ಈರುಳ್ಳಿ, ಹಸಿಮೆಣಸಿನಕಾಯಿ ಹೆಚ್ಚಿ ಒಗ್ಗರಣೆ ಆಗಿರತ್ತೆ.