ಮೊರೆಂತೆ ಮನೆಯ ಹಾಡು

ಎಲ್ಲರಿಗೂ ನಮಸ್ಕಾರ. ಬೆಳಗಿನಿಂದ ನೀವು ಫ್ಲಾಮೆಂಕೊ ಕೇಳುತ್ತಲೇ ಇದ್ದೀರಿ. ಸ್ಪೇನಿನ ಈ ಹಾಡು, ಗಿಟಾರ್, ಕುಣಿತದ ಕಲೆ ಏನು ಅಂತ ಮತ್ತೆ ಹೇಳುತ್ತಾ ಕೂರುವುದಿಲ್ಲ, ನೇರವಾಗಿ ಫ್ಲಾಮೆಂಕೊ ಹಾಡುಗಾರ್ತಿ ಎಸ್ತ್ರೆಯಾ ಮೊರೆಂತೆ ವಿಷಯಕ್ಕೆ ಬರುತ್ತೇನೆ. ‘ಅವರಿಗೇನು ಬಿಡಿ, ರಕ್ತದಲ್ಲೇ ಬಂದಿದೆ’ ಅಂತಾರೆ ಎಲ್ಲರೂ. ನನಗೆ ಆ ಮಾತು ಒಪ್ಪಿಗೆಯಿಲ್ಲ.

ಅವರ ಅಪ್ಪ ಎನ್ರಿಕೆ ಮೊರೆಂತೆ, ಅವರೂ ಹಾಡುಗಾರರೇ. 1942ರಲ್ಲಿ ಸ್ಪೇನಿನ ಗ್ರಾನಾಡಾ ಊರಿನಲ್ಲಿ ಹುಟ್ಟಿದವರು, ಅಲ್ಲಿನ ಹಳೆಯ ಬಡಾವಣೆ ಅಲ್ಬೈಸಿನ್‌ನ ಗಲ್ಲಿಗಳ ಹುಡುಗ. ಹೆಸರಾಂತ ಹಾಡುಗಾರರ ಮನೆತನ ಅವರದಲ್ಲ. ಚಿಕ್ಕಂದಿನಲ್ಲಿ ಊರಿನ ಕೆಥೆಡ್ರಲ್‌ನಲ್ಲಿ ಹಾಡುತ್ತಿದ್ದರು. ಹದಿಹರೆಯದಲ್ಲೇ ಮ್ಯಾಡ್ರಿಡ್‌ಗೆ ಹೋಗಿ ಹಿರಿಯ ಹಾಡುಗಾರ ಪೆಪೆ ದೆ ಲಾ ಮತ್ರೋನಾ ಅವರ ಹತ್ತಿರ ಹಳೆಯ ಕಾಂತೆ, ಅಂದರೆ ಫ್ಲಾಮೆಂಕೊ ಹಾಡುಗಾರಿಕೆ, ಕಲಿತರು. ಮತ್ರೋನಾ ಹುಟ್ಟಿದ್ದು 1887ರಲ್ಲಿ! ಅಜ್ಜನ ವಯಸ್ಸಿನವರು. ಎಲ್ಲಿಯ ರಕ್ತ, ಎಲ್ಲಿಯ ಸಂಬಂಧ? ಕೇಳುವ ಕಿವಿ ಇತ್ತು, ಅಷ್ಟೇ.

ಎಸ್ತ್ರೆಯಾ ಅವರ ಅಮ್ಮ ಔರೋರಾ ಕಾರ್ಬೊನೆಲ್ ಹಿತಾನೊ, ಅಂದರೆ ಸ್ಪೇನಿನ ರೋಮಾ (ಜಿಪ್ಸಿ) ಮನೆಯವರು, ನೃತ್ಯ ಮಾಡುತ್ತಿದ್ದವರು. 1980ರಲ್ಲಿ ಹುಟ್ಟಿದ ಮಗಳಿಗೆ ಮನೆಯೇ ಶಾಲೆ. ಏಳು ವರ್ಷಕ್ಕೇ ಹೆಸರಾಂತ ಫ್ಲಾಮೆಂಕೊ ವಾದಕ ಸಬೀಕಾಸ್ ಅವರ ಗಿಟಾರ್ ಜೊತೆ ತರಾಂತಾ ಅನ್ನುವ ಬಗೆಯ ಹಾಡು ಹಾಡಿದರು ಎಸ್ತ್ರೆಯಾ. ಏಳು ವರ್ಷ! ನಮ್ಮ ಮನೆ ಮಕ್ಕಳು ಆ ವಯಸ್ಸಿಗೆ ನೆಂಟರ ಮುಂದೆ ಬಾಯಿ ಬಿಡಲ್ಲ, ಅಲ್ವಾ?

ಒಂದು ಕೆಲಸ ಮಾಡೋಣ, ಕೈ ತೆಗೆಯಿರಿ. ಸೊಲೆಯಾ ಅಂತ ಫ್ಲಾಮೆಂಕೊದ ಒಂದು ಬಗೆಯ ಹಾಡು, ಅದರ ತಾಳಕ್ಕೆ ಹನ್ನೆರಡು ಎಣಿಕೆ. ಮೂರು, ಆರು, ಎಂಟು, ಹತ್ತು, ಹನ್ನೆರಡು, ಇಷ್ಟಕ್ಕೆ ಮಾತ್ರ ಜೋರಾಗಿ ತಟ್ಟಿ. ಉಳಿದದ್ದು ಮೆಲ್ಲಗೆ. ನೋಡಿದಿರಾ, ಆರು ಆದಮೇಲೆ ಎಲ್ಲರೂ ಎಡವಿದಿರಿ! ಮೂರು ಮೂರು ಅಂತ ಹೋಗುತ್ತಿದ್ದದ್ದು ಅಲ್ಲಿ ಎರಡು ಎರಡು ಆಗುತ್ತದೆ. ಇದನ್ನು ರಕ್ತ ಕಲಿಸುವುದಿಲ್ಲ. ದಿನಾ ಕೇಳಿ ಕೇಳಿ, ತಪ್ಪಿ ತಪ್ಪಿ ಕೈಗೆ ಹತ್ತಬೇಕು.

1996ರಲ್ಲಿ ಎನ್ರಿಕೆ ಒಂದು ರಾಕ್ ತಂಡದ ಜೊತೆ ಸೇರಿ, ಸ್ಪೇನಿನ ಕವಿ ಲೋರ್ಕಾ ಕವಿತೆಗಳನ್ನೂ ಕೆನಡಾದ ಹಾಡುಗಾರ ಲಿಯೊನಾರ್ಡ್ ಕೋಹೆನ್ ಹಾಡುಗಳನ್ನೂ ಹಾಡಿ ‘ಒಮೇಗಾ’ ಆಲ್ಬಂ ತಂದರು. ಮಡಿವಂತರು ಸಿಟ್ಟಾದರು. ಆದರೆ ಹಳೆಯದನ್ನು ಅರೆದು ಕುಡಿದವರಲ್ವಾ ಅವರು? ಹೊಸದಕ್ಕೆ ಕೈ ಹಾಕುವ ಹಕ್ಕು ಅವರಿಗಿಲ್ಲದೆ ಇನ್ಯಾರಿಗಿದೆ?

2010ರ ನವೆಂಬರ್ 16ಕ್ಕೆ ಯುನೆಸ್ಕೊ ಫ್ಲಾಮೆಂಕೊವನ್ನು ಮನುಕುಲದ ಅಮೂರ್ತ ಪರಂಪರೆಯ ತನ್ನ ಪಟ್ಟಿಗೆ ಸೇರಿಸಿತು. ಡಿಸೆಂಬರ್ 13ಕ್ಕೆ ಎನ್ರಿಕೆ ಹೋಗಿಬಿಟ್ಟರು. ಒಂದು ತಿಂಗಳೂ ಆಗಿರಲಿಲ್ಲ. ಗ್ರಾನಾಡಾದ ಇಸಬೆಲ್ ಲಾ ಕತೋಲಿಕಾ ರಂಗಮಂದಿರದಲ್ಲಿ ಜನರ ದರ್ಶನಕ್ಕೆ ಇಟ್ಟರು. ಅಲ್ಲಿ, ಅಪ್ಪನ ಶವಪೆಟ್ಟಿಗೆಯ ಮುಂದೆ, ಎಸ್ತ್ರೆಯಾ ಹಾಡಿದರು. ಗ್ರಾನಾಡಾ ಊರಿನ ಮೇಲಿರುವ ಹಾಡು. ಅದರ ವಿಡಿಯೊ ಇದೆ. ಎಷ್ಟು ಸಲ ನೋಡಿದ್ದೀನೋ ಲೆಕ್ಕವಿಲ್ಲ. ಅಳುತ್ತಾ ಹಾಡುವುದು ಎಷ್ಟು ಕಷ್ಟ ಅಂತ ಹಾಡುವವರಿಗೆ ಗೊತ್ತು, ಗಂಟಲು ಕಟ್ಟಿಬಿಡುತ್ತದೆ. ಅವರು ಹಾಡು ಬಿಡಲಿಲ್ಲ. ಕಲಿಸಿದವರ ಎದುರಿಗೇ ಕೊನೆಯ ಪಾಠ ಒಪ್ಪಿಸಿದ ಹಾಗೆ...

ಚೀಟಿ ಬಂತು, ಐದೇ ನಿಮಿಷವಂತೆ. ಎಸ್ತ್ರೆಯಾ ಅವರ ತಂಗಿ ಸೊಲೆಯಾ (ಹಾಡಿನ ಹೆಸರೇ ಅವರ ಹೆಸರೂ), ತಮ್ಮ ಕಿಕಿ ಇಬ್ಬರೂ ಹಾಡುತ್ತಾರೆ, ಅವರ ಬಗ್ಗೆ ಹೇಳಬೇಕಿತ್ತು. ಇನ್ನೊಮ್ಮೆ ಹೇಳುತ್ತೇನೆ. ಅಪ್ಪ ಇದ್ದಾಗಲೇ ಅವರೊಡನೆ ಶುರುಮಾಡಿದ್ದ ಆಲ್ಬಂ ಒಂದನ್ನು ಎಸ್ತ್ರೆಯಾ 2012ರಲ್ಲಿ ಹೊರತಂದರು. ಉಳಿದ ಐದು ನಿಮಿಷಕ್ಕೆ ನನ್ನ ಮಾತು ಬೇಡ, ಎನ್ರಿಕೆ ಹಾಡಿದ ಒಂದು ಸೊಲೆಯಾ ಹಾಕುತ್ತಾರೆ. ತಟ್ಟಿ. ಆರು ಆದಮೇಲೆ ಹುಷಾರು.